ಪಕ್ಕದ ಮನೆ ಅಜ್ಜನ ಹರ್ಲಿಂಗ್ ರೀಲುಗಳು: ಡಬ್ಬಿ ತೆಗೆದರೆ ವಿನೆಗರ್ ವಾಸನೆ, ಮೊದಲು ಏನು ಮಾಡಲಿ?

ನೋರ್_ದಂಡೆ ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ನಾನು ಐರ್ಲೆಂಡಿನ ಕಿಲ್ಕೆನಿ ಕಡೆಯ ಒಂದು ಸಣ್ಣ ಊರಿನಲ್ಲಿದ್ದೇನೆ. ಬಂದು 11 ವರ್ಷ ಆಯಿತು. ಇಲ್ಲಿ ಹರ್ಲಿಂಗ್ ಅಂದರೆ ಉಸಿರು. ಗೊತ್ತಿಲ್ಲದವರಿಗೆ ಹೇಳುತ್ತೇನೆ: ಒಂದೊಂದು ಕಡೆ 15 ಜನ, ಕೈಯಲ್ಲಿ ಆ್ಯಶ್ ಮರದ ಕೋಲು, ಸಣ್ಣ ಚರ್ಮದ ಚೆಂಡು. ಗೋಲಿಗೆ 3 ಪಾಯಿಂಟ್, ಅಡ್ಡಪಟ್ಟಿಯ ಮೇಲೆ ಹಾರಿಸಿದರೆ 1. ಕೋಲಿಗೆ ಐರಿಷ್‌ನಲ್ಲಿ ಕಮಾನ್ ಅನ್ನುತ್ತಾರೆ. ನಮ್ಮ ಕಮಾನಿಗೂ ಅದಕ್ಕೂ ಸಂಬಂಧವಿಲ್ಲ, ಆದರೆ ಅಲ್ಲೂ ಆ ಹೆಸರು ಬಂದಿದ್ದು ತುದಿ ಬಾಗಿರುವುದರಿಂದಲೇ. ಮೊದಲ ಸಲ ಕೇಳಿದಾಗ ನನಗೆ ತುಂಬಾ ಖುಷಿಯಾಗಿತ್ತು. 2018ರಲ್ಲಿ ಯುನೆಸ್ಕೋ ಈ ಆಟವನ್ನು ತನ್ನ ಪರಂಪರೆಯ ಪಟ್ಟಿಗೆ ಸೇರಿಸಿದೆ.

ವಿಷಯಕ್ಕೆ ಬರುತ್ತೇನೆ. ನಮ್ಮ ಪಕ್ಕದ ಮನೆಯ ಅಜ್ಜ ಫೆಬ್ರವರಿಯಲ್ಲಿ ತೀರಿಕೊಂಡರು. ಸುಮಾರು 30 ವರ್ಷ ಊರಿನ ಕ್ಲಬ್ಬಿನ ಪಂದ್ಯಗಳನ್ನು ತಮ್ಮದೇ ಕ್ಯಾಮೆರಾದಲ್ಲಿ ಹಿಡಿದಿಟ್ಟವರು ಅವರು. ಯಾರೂ ಹೇಳಿರಲಿಲ್ಲ, ಯಾರೂ ಕಾಸೂ ಕೊಟ್ಟಿರಲಿಲ್ಲ. ಮೊನ್ನೆ ಅಜ್ಜಿ ನನ್ನನ್ನು ಕರೆದು, ಮೆಟ್ಟಿಲ ಕೆಳಗಿನ ಗೂಡಿನಿಂದ ಎರಡು ರಟ್ಟಿನ ಪೆಟ್ಟಿಗೆ ಎಳೆಸಿದರು. ಒಂದರಲ್ಲಿ 8 ಮಿ.ಮೀ. ಮತ್ತು ಸೂಪರ್ 8 ಫಿಲ್ಮಿನ 23 ಸಣ್ಣ ಸುರುಳಿ, 16 ಮಿ.ಮೀ.ನ 2 ದೊಡ್ಡ ತಗಡಿನ ಡಬ್ಬಿ. ಇನ್ನೊಂದರಲ್ಲಿ 40ಕ್ಕೂ ಜಾಸ್ತಿ ವಿಎಚ್‌ಎಸ್ ಕ್ಯಾಸೆಟ್. ಕೆಲವು ಕ್ಯಾಸೆಟ್‌ಗಳ ಮೇಲೆ ಊರಿನ ಹೆಸರಷ್ಟೇ ಇದೆ, ಇಸವಿ ಇಲ್ಲ. ತಗಡಿನ ಡಬ್ಬಿಯೊಂದನ್ನು ತೆಗೆದರೆ ಉಪ್ಪಿನಕಾಯಿ ಜಾಡಿ ತೆಗೆದಂತೆ ಹುಳಿ ವಾಸನೆ ಮೂಗಿಗೆ ಹೊಡೆಯಿತು.

"ನಿನಗೆ ಕಂಪ್ಯೂಟರ್ ಗೊತ್ತಲ್ಲ, ನೀನೇ ನೋಡಿಕೋ" ಅಂದರು ಅಜ್ಜಿ. ಕ್ಲಬ್ಬಿನವರು ಒಳ್ಳೆಯವರು, ಆದರೆ ಹುಲ್ಲು ಕತ್ತರಿಸುವ ಯಂತ್ರಕ್ಕೇ ದುಡ್ಡು ಹೊಂದಿಸುವ ಪರಿಸ್ಥಿತಿ ಅವರದು. ಒಬ್ಬರು ಹಳೆಯ ಪ್ರೊಜೆಕ್ಟರ್ ಇದೆ, ಗೋಡೆ ಮೇಲೆ ಓಡಿಸಿ ಫೋನಿನಲ್ಲಿ ರೆಕಾರ್ಡ್ ಮಾಡಿಬಿಡೋಣ ಅಂದರು. ಅವರ ಮಾತು ಕೇಳಬೇಕೋ ಬೇಡವೋ ತಿಳಿಯುತ್ತಿಲ್ಲ. ನನ್ನ ಮಗಳು ಇದೇ ಕ್ಲಬ್ಬಿನಲ್ಲಿ ಕಮೋಗಿ, ಅಂದರೆ ಹೆಣ್ಣುಮಕ್ಕಳ ಹರ್ಲಿಂಗ್ ಆಡುತ್ತಾಳೆ. ಊರಿಗೆ ಹೊಸಬರಾಗಿ ಬಂದ ನಮ್ಮನ್ನು ಮೊದಲು ಒಳಗೆ ಕರೆದುಕೊಂಡಿದ್ದು ಆ ಮೈದಾನ. ಹಾಗಾಗಿ ಇದನ್ನು ಹಾಳು ಮಾಡಲು ನನಗೆ ಖಂಡಿತ ಇಷ್ಟವಿಲ್ಲ.

ಮೊದಲು ಏನು ಮಾಡಲಿ? ಯಾರಿಗೆ ಕೊಡಲಿ? ಯೂಟ್ಯೂಬಿಗೆ ಹಾಕಬಹುದಾ?

---

ಹಳೇರೀಲು ಬರೆದದ್ದು:

ದಯವಿಟ್ಟು ಪ್ರೊಜೆಕ್ಟರಿಗೆ ಹಾಕಬೇಡಿ. ಮಿಕ್ಕಿದ್ದೆಲ್ಲ ಆಮೇಲೆ. ನಾನು ಪುಣೆಯಲ್ಲಿ ಹಲವು ವರ್ಷ ಫಿಲ್ಮ್ ರಿಪೇರಿ ಕೆಲಸ ಮಾಡಿ ಈಗ ಬೆಂಗಳೂರಿನಲ್ಲಿದ್ದೇನೆ. ಹೀಗೆ "ಒಂದೇ ಒಂದು ಸಲ ನೋಡೋಣ" ಅಂತ ಓಡಿಸಿ ಹರಿದುಕೊಂಡ ರೀಲುಗಳನ್ನು ಎಷ್ಟೋ ನೋಡಿದ್ದೇನೆ.

ಆ ಹುಳಿ ವಾಸನೆ ನಿಜವಾಗಿಯೂ ವಿನೆಗರ್‌ದೇ. ಫಿಲ್ಮಿನ ತಳ ಅಸಿಟೇಟ್ ಅನ್ನುವ ಪ್ಲಾಸ್ಟಿಕ್. ಶಾಖ ಮತ್ತು ತೇವ ಸೇರಿದರೆ ಅದು ಕೊಳೆಯಲು ಶುರುವಾಗಿ ಅಸಿಟಿಕ್ ಆಮ್ಲ ಬಿಡುತ್ತದೆ. ಆ ಆಮ್ಲ ಅಲ್ಲೇ ಉಳಿದು ಕೊಳೆಯುವುದನ್ನು ಇನ್ನಷ್ಟು ಜೋರು ಮಾಡುತ್ತದೆ, ಅದರಿಂದ ಮತ್ತಷ್ಟು ಆಮ್ಲ. ಹುಲ್ಲಿನಲ್ಲಿ ಹಣ್ಣಿಗಿಟ್ಟ ಮಾವಿನಲ್ಲಿ ಒಂದು ಕೊಳೆತರೆ ಪಕ್ಕದ್ದಕ್ಕೂ ಹತ್ತುತ್ತದಲ್ಲ, ಅದೇ ಲೆಕ್ಕ. ಆದ್ದರಿಂದ ವಾಸನೆ ಬರುವ ಡಬ್ಬಿಗಳನ್ನು ಇವತ್ತೇ ಬೇರೆ ಕೋಣೆಗೆ ಒಯ್ಯಿರಿ. ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಕಟ್ಟಿಡಬೇಡಿ, ಸ್ವಲ್ಪ ಗಾಳಿ ಆಡಲಿ.

ಕೊಳೆಯುತ್ತಾ ಹೋದಂತೆ ಫಿಲ್ಮ್ ಕುಗ್ಗುತ್ತದೆ. ಅಂಚಿನ ತೂತುಗಳ ನಡುವಿನ ಅಂತರ ಕಮ್ಮಿಯಾಗುತ್ತದೆ. ಪ್ರೊಜೆಕ್ಟರಿನ ಹಲ್ಲು ಮಾತ್ರ ಹಳೆಯ ಅಳತೆಯಲ್ಲೇ ಇರುತ್ತದೆ. ಅದು ಒಂದೊಂದೇ ತೂತು ಹರಿದುಕೊಂಡು ಹೋಗುತ್ತದೆ, ಮೇಲಿಂದ ದೀಪದ ಬಿಸಿ. ಒಳ್ಳೆಯ ಸ್ಕ್ಯಾನರ್‌ಗಳಲ್ಲಿ ಹಲ್ಲೇ ಇರುವುದಿಲ್ಲ, ರೋಲರ್ ಮೇಲೆ ನಿಧಾನವಾಗಿ ಸಾಗಿಸಿ ಒಂದೊಂದು ಚೌಕಟ್ಟನ್ನೂ (ಫ್ರೇಮ್) ಫೋಟೋ ತೆಗೆಯುತ್ತವೆ. ನೀವು ಅಂಥ ಕಡೆಯೇ ಕೊಡಬೇಕು.

ಒಂದು ಸಮಾಧಾನದ ಮಾತು. ಬೆಂಕಿಯ ಭಯ ನಿಮಗೆ ಬೇಡ. 1950ರ ಆಸುಪಾಸಿನವರೆಗೆ 35 ಮಿ.ಮೀ. ಸಿನಿಮಾಗಳಿಗೆ ಬಳಸುತ್ತಿದ್ದ ನೈಟ್ರೇಟ್ ಫಿಲ್ಮ್ ಒಮ್ಮೆ ಹೊತ್ತಿಕೊಂಡರೆ ನೀರಲ್ಲಿ ಮುಳುಗಿಸಿದರೂ ಆರುವುದಿಲ್ಲ. ಪುಣೆಯಲ್ಲಿ 2003ರ ಜನವರಿಯಲ್ಲಿ ನೈಟ್ರೇಟ್ ರೀಲುಗಳ ಉಗ್ರಾಣಕ್ಕೆ ಬೆಂಕಿ ಬಿದ್ದು ಎಷ್ಟೋ ಹಳೆಯ ಚಿತ್ರಗಳು ಬೂದಿಯಾದವು. ಆ ದಿನವನ್ನು ಈ ಕೆಲಸದವರು ಯಾರೂ ಮರೆತಿಲ್ಲ. ಆದರೆ 8 ಮತ್ತು 16 ಮಿ.ಮೀ. ಮನೆಬಳಕೆಗೆಂದೇ ಬಂದದ್ದು, ಸುರಕ್ಷಿತ ತಳದ ಮೇಲೆಯೇ ಮಾಡಿದ್ದು.

ಎಲ್ಲಿಡಬೇಕು ಅನ್ನುವುದು ಮುಖ್ಯ. ಅಟ್ಟ ಬೇಡ, ಬೇಸಿಗೆಯಲ್ಲಿ ಕಾಯುತ್ತದೆ. ನಿಮ್ಮ ಕಡೆ ಹಾಟ್ ಪ್ರೆಸ್ ಅಂತ ಬಿಸಿನೀರಿನ ಟ್ಯಾಂಕ್ ಇರುವ ಬೀರು ಇರುತ್ತದಲ್ಲ, ಬೆಚ್ಚಗಿದೆ ಒಣಗಿದೆ ಅಂತ ಅಲ್ಲಿಡುವವರಿದ್ದಾರೆ. ಅದು ಎಲ್ಲಕ್ಕಿಂತ ಕೆಟ್ಟ ಜಾಗ. ಹೀಟರ್ ಇಲ್ಲದ, ಬಿಸಿಲು ಬೀಳದ, ತೇವ ಹೀರುವ ಯಂತ್ರ ಇಟ್ಟ ಕೋಣೆ ಸಾಕು. ಗಾಳಿಯ ತೇವ 50 ಶೇಕಡಾ ದಾಟದಂತೆ ನೋಡಿಕೊಳ್ಳಿ.

ಡಬ್ಬಿ, ಚೀಟಿ, ಅಂಚೆ ಲಕೋಟೆ, ಏನನ್ನೂ ಎಸೆಯಬೇಡಿ. ಎಲ್ಲದರ ಫೋಟೋ ತೆಗೆಯಿರಿ. ಫಿಲ್ಮ್ ಕೋಡಾಕ್ ಆಗಿದ್ದರೆ ಅಂಚಿನಲ್ಲಿ ಸಣ್ಣ ಚೌಕ, ವೃತ್ತ, ತ್ರಿಕೋನದ ಗುರುತು ಇರುತ್ತದೆ. ಆ ಫಿಲ್ಮ್ ತಯಾರಾದ ವರ್ಷ ಅದರಿಂದ ಗೊತ್ತಾಗುತ್ತದೆ. 20 ವರ್ಷಕ್ಕೊಮ್ಮೆ ಅದೇ ಗುರುತು ಮತ್ತೆ ಬರುತ್ತದೆ, ಆದ್ದರಿಂದ ಬಟ್ಟೆಬರೆ, ಕಾರು ನೋಡಿ ಯಾವ ಸುತ್ತು ಅಂತ ತೀರ್ಮಾನಿಸಬೇಕು.

ಇನ್ನೊಂದು. ಸೂಪರ್ 8ರಲ್ಲಿ ಅಂಚಿಗೆ ಕಂದು ಬಣ್ಣದ ಪಟ್ಟಿ ಇದ್ದರೆ ಅದರಲ್ಲಿ ಧ್ವನಿ ಇದೆ ಅಂತ ಅರ್ಥ. 1973ರ ನಂತರ ಅಂಥವು ಬಂದವು. ಆ ಪಟ್ಟಿಯ ಕಬ್ಬಿಣದ ಅಂಶ ಕೊಳೆಯುವುದನ್ನು ಬೇಗ ಮಾಡಿಸುತ್ತದೆ. ಸ್ಕ್ಯಾನಿಗೆ ಕೊಡುವಾಗ ಮೊದಲು ವಾಸನೆಯವು, ಆಮೇಲೆ ಧ್ವನಿಪಟ್ಟಿಯವು, ಕೊನೆಗೆ ಉಳಿದವು. ಚೌಕಟ್ಟಿಗೆ ಚೌಕಟ್ಟು ಸ್ಕ್ಯಾನ್ ಮಾಡಿ, ತೂತು ಮತ್ತು ಅಂಚೂ ಕಾಣಲಿ ಅಂತ ಹೇಳಿ. ವೇಗ ಆಮೇಲೆ ಹೊಂದಿಸಬಹುದು. 8 ಮಿ.ಮೀ. ಸಾಮಾನ್ಯವಾಗಿ ಸೆಕೆಂಡಿಗೆ 16 ಚೌಕಟ್ಟು, ಸೂಪರ್ 8 ಆದರೆ 18. ಅದನ್ನು ಸುಮ್ನೆ 25ಕ್ಕೆ ಓಡಿಸಿದರೆ ಆಟಗಾರರು ಗೊಂಬೆಗಳ ತರ ಓಡುತ್ತಾರೆ. ಹಳೇ ಆಟವೆಲ್ಲ ಹೀಗೇ ಇತ್ತು ಅಂತ ಮಕ್ಕಳು ತಿಳಿದುಕೊಳ್ಳುತ್ತಾರೆ. ನನಗೆ ಅದು ತುಂಬಾ ಬೇಜಾರಿನ ವಿಷಯ.

---

ಲಿಫಿ_ಕನ್ನಡಿಗ ಬರೆದದ್ದು:

ಹಳೇರೀಲು ಸರ್ ಹೇಳಿದ್ದಕ್ಕೆ ನನ್ನದೂ ಪೂರ್ತಿ ಒಪ್ಪಿಗೆ. ನಾನು ಡಬ್ಲಿನ್‌ನಲ್ಲಿದ್ದೇನೆ, ಈ ಆಟಗಳ ಹಳೆಯ ಚಿತ್ರಗಳ ಹುಚ್ಚು ನನಗೆ ಬಹಳ ವರ್ಷದಿಂದ ಇದೆ. ಅಜ್ಜನ ಪೆಟ್ಟಿಗೆ ಯಾಕೆ ಇಷ್ಟು ಬೆಲೆಯದ್ದು ಅಂತ ಸ್ವಲ್ಪ ಉದ್ದಕ್ಕೇ ಹೇಳುತ್ತೇನೆ, ಬೇಸರ ಮಾಡಿಕೊಳ್ಳಬೇಡಿ.

ಹರ್ಲಿಂಗ್ ನಡೆಸುವ ಜಿ.ಎ.ಎ. (ಗೇಲಿಕ್ ಅಥ್ಲೆಟಿಕ್ ಅಸೋಸಿಯೇಷನ್) ಸಂಘ ಹುಟ್ಟಿದ್ದು 1884ರ ನವೆಂಬರ್ 1ರಂದು, ಥರ್ಲಸ್ ಊರಿನ ಒಂದು ಹೋಟೆಲಿನಲ್ಲಿ. ಸಿನಿಮಾ ಹುಟ್ಟಿದ್ದೇ ಅದರ ಹತ್ತು ವರ್ಷದ ನಂತರ, ಹಾಗಾಗಿ ಮೊದಲ ತಲೆಮಾರಿನ ಆಟ ಚಲಿಸುವ ಚಿತ್ರದಲ್ಲಿ ಇಲ್ಲವೇ ಇಲ್ಲ. ಟಿವಿಗಿಂತ ರೇಡಿಯೋ ಮೊದಲು ಬಂತು. 1926ರ ಆಗಸ್ಟ್ 29ರಂದು ಕಿಲ್ಕೆನಿ ಮತ್ತು ಗಾಲ್ವೇ ಹರ್ಲಿಂಗ್ ಸೆಮಿಫೈನಲ್ಲಿನ ವೀಕ್ಷಕ ವಿವರಣೆ ನೇರವಾಗಿ ಪ್ರಸಾರವಾಯಿತು. ಆ ಕಾಲದ ಚಿತ್ರ ಬೇಕೆಂದರೆ ಬ್ರಿಟಿಷ್ ಸುದ್ದಿಚಿತ್ರ ಕಂಪನಿಗಳ ಒಂದೆರಡು ನಿಮಿಷದ ತುಣುಕುಗಳೇ ಗತಿ. ಪಾಥೆ ಕಂಪನಿ 2014ರಲ್ಲಿ ತನ್ನ 85,000 ತುಣುಕುಗಳನ್ನು ಯೂಟ್ಯೂಬಿಗೆ ಹಾಕಿತು, ಹುಡುಕಿದರೆ ಅದರಲ್ಲಿ ಹರ್ಲಿಂಗ್ ಸಿಗುತ್ತದೆ. ಆದರೆ ಅವರಿಗೆ ಆಟ ಮುಖ್ಯವಲ್ಲ. ಬಿಷಪ್ ಚೆಂಡು ಎಸೆಯುವುದು, ಜನ ಟೋಪಿ ಬೀಸುವುದು, ಒಂದು ಗುದ್ದಾಟ, ಮುಗಿಯಿತು.

1940ರ ದಶಕದ ಕೊನೆಯಿಂದ ನ್ಯಾಷನಲ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಆಲ್ ಐರ್ಲೆಂಡ್, ಅಂದರೆ ಇಡೀ ದೇಶದ ಚಾಂಪಿಯನ್‌ಶಿಪ್ಪಿನ ಫೈನಲ್‌ಗಳನ್ನು ಫಿಲ್ಮಿನಲ್ಲಿ ಹಿಡಿಯತೊಡಗಿತು. ಅದೇ ಸಂಸ್ಥೆ ಇಂದು ಐರಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್. ಡಬ್ಲಿನ್ನಿನ ಟೆಂಪಲ್ ಬಾರ್‌ನಲ್ಲಿ ಅದರ ಫಿಲ್ಮ್ ಆರ್ಕೈವ್ ಇದೆ. ಆಮೇಲೆ ಗೇಲ್ ಲಿನ್ ಅನ್ನುವ ಐರಿಷ್ ಭಾಷೆಯ ಸಂಸ್ಥೆ 1956ರಿಂದ 1964ರವರೆಗೆ ಥಿಯೇಟರುಗಳಿಗೆ ಐರಿಷ್ ಭಾಷೆಯಲ್ಲೇ ಸುದ್ದಿಚಿತ್ರ ಮಾಡಿತು, ಅದರಲ್ಲೂ ಆಟಗಳಿಗೆ ಒಳ್ಳೆಯ ಜಾಗ ಇತ್ತು. ಕ್ರಿಸ್ಟಿ ರಿಂಗ್ ಅಂತ ಕಾರ್ಕ್‌ನ ಆಟಗಾರ, 8 ಆಲ್ ಐರ್ಲೆಂಡ್ ಪದಕ ಗೆದ್ದವರು. ಅವರ ಕೈಚಳಕವನ್ನು ಹತ್ತಿರದಿಂದ ತೋರಿಸುವ ಒಂದು ಚಿತ್ರವನ್ನು ಲೂಯಿಸ್ ಮಾರ್ಕಸ್ 1964ರಲ್ಲಿ ಗೇಲ್ ಲಿನ್‌ಗಾಗಿ ಮಾಡಿದರು. ರಿಂಗ್ 1979ರಲ್ಲಿ ಹೋದರು. ಆ ಚಿತ್ರ ಇಲ್ಲದಿದ್ದರೆ ಅವರ ಮಣಿಕಟ್ಟು ಹೇಗೆ ತಿರುಗುತ್ತಿತ್ತು ಅನ್ನುವುದು ಹಿರಿಯರ ಬಾಯಿಮಾತಿನಲ್ಲಷ್ಟೇ ಉಳಿಯುತ್ತಿತ್ತು.

ಇಲ್ಲಿನ ಟಿವಿ ಶುರುವಾಗಿದ್ದು 1961ರ ಕೊನೆಯ ದಿನ. 1962ರಿಂದ ಫೈನಲ್‌ಗಳು ನೇರ ಪ್ರಸಾರ. ಹಾಗಾದರೆ ಅಲ್ಲಿಂದಾಚೆಗೆ ಎಲ್ಲವೂ ಇರಬೇಕಲ್ವಾ ಅಂತ ನಾನೂ ಅಂದುಕೊಂಡಿದ್ದೆ. ಇಲ್ಲ. ಆಗಿನ ಎರಡು ಇಂಚು ಅಗಲದ ಟೇಪು ಬಹಳ ದುಬಾರಿ. ಪ್ರಸಾರ ಮುಗಿದ ಮೇಲೆ ಅಳಿಸಿ ಮತ್ತೆ ಬಳಸುವುದು ಬಹಳಷ್ಟು ದೇಶಗಳಲ್ಲಿ ರೂಢಿ ಇತ್ತು, ಇಲ್ಲೂ ಹಾಗೇ. 60ರ ದಶಕದ ಎಷ್ಟೋ ದೊಡ್ಡ ಪಂದ್ಯಗಳ ಪೂರ್ತಿ ಚಿತ್ರ ಇವತ್ತು ಇಲ್ಲ, ಗೋಲಿನ ತುಣುಕುಗಳಿವೆ ಅಷ್ಟೇ.

ಈಗ ಯೋಚಿಸಿ. 80 ಸಾವಿರ ಜನ ಸೇರುವ ಡಬ್ಲಿನ್ನಿನ ಕ್ರೀಡಾಂಗಣ ಕ್ರೋಕ್ ಪಾರ್ಕಿನ ಫೈನಲ್ಲಿನ ಗತಿಯೇ ಇದಾದರೆ, ನಿಮ್ಮೂರಿನ ಕ್ಲಬ್ಬಿನ ಪಂದ್ಯವನ್ನು ಯಾರು ಹಿಡಿದಿರುತ್ತಾರೆ? ನಿಮ್ಮ ಪಕ್ಕದ ಮನೆ ಅಜ್ಜ, ಮತ್ತು ಅಂಥವರೇ ಅಲ್ಲೊಬ್ಬರು ಇಲ್ಲೊಬ್ಬರು. ಈ ಆಟ ನಿಂತಿರುವುದೇ ಊರಿನ ಕ್ಲಬ್ಬಿನ ಮೇಲೆ. ಫೈನಲ್ ಆಡುವವನಿಗೂ ಸಂಬಳ ಇಲ್ಲ. ಸೋಮವಾರ ಅವನು ಶಾಲೆಗೋ ಹೊಲಕ್ಕೋ ಕೆಲಸಕ್ಕೆ ಹೋಗುತ್ತಾನೆ. ಆ ಕ್ಲಬ್ಬಿನ ಆಟದ ಚಿತ್ರವೇ ಇಲ್ಲದೆ ಬರೀ ಫೈನಲ್ ಇಟ್ಟುಕೊಂಡರೆ ಮರದ ತುದಿ ಇಟ್ಟುಕೊಂಡು ಬುಡ ಬಿಟ್ಟಂತೆ.

ಎಲ್ಲಿ ಕೊಡಬೇಕು ಅಂದರೆ, ಫಿಲ್ಮ್ ರೀಲುಗಳಿಗೆ ನನ್ನ ಮೊದಲ ಆಯ್ಕೆ ಟೆಂಪಲ್ ಬಾರ್‌ನ ಆರ್ಕೈವ್. ಮನೆಯವರು ತೆಗೆದ ಚಿತ್ರಗಳನ್ನೂ ಅವರು ಸಂಗ್ರಹಿಸುತ್ತಾರೆ. ಅವರ ಆರ್ಕೈವ್ ಪ್ಲೇಯರ್‌ನಲ್ಲಿ ಹಳೆಯದನ್ನು ಪುಕ್ಕಟೆ ನೋಡಬಹುದು, ಅಜ್ಜಿಗೂ ತೋರಿಸಿ. ಕ್ರೋಕ್ ಪಾರ್ಕಿನಲ್ಲೇ ಜಿ.ಎ.ಎ. ಮ್ಯೂಸಿಯಂ ಇದೆ, ಅವರಿಗೂ ಬರೆಯಿರಿ. ಜಿಲ್ಲಾ ಗ್ರಂಥಾಲಯದ ಸ್ಥಳೀಯ ಇತಿಹಾಸ ವಿಭಾಗಕ್ಕೆ ಒಂದು ಡಿಜಿಟಲ್ ಪ್ರತಿ ಹೋಗಲಿ. ಯಾರಿಗೇ ಕೊಟ್ಟರೂ ಕಾಗದ ಮಾಡಿಸಿಕೊಳ್ಳಿ. ದಾನವೋ, ಇಟ್ಟುಕೊಳ್ಳಲು ಕೊಟ್ಟದ್ದೋ, ಕ್ಲಬ್ಬಿಗೆ ಪ್ರತಿ ಸಿಗುತ್ತದೋ, ಊರಿನವರು ತೋರಿಸಬಹುದೋ, ಎಲ್ಲವೂ ಬರವಣಿಗೆಯಲ್ಲಿರಲಿ.

ಯೂಟ್ಯೂಬಿನ ವಿಷಯ. ಅಜ್ಜ ತಾವೇ ತೆಗೆದ ಚಿತ್ರಗಳ ಹಕ್ಕು ಈಗ ಅವರ ವಾರಸುದಾರರದ್ದು. ಇಲ್ಲಿನ ಕಾನೂನಿನಲ್ಲಿ ಅದು ತೆಗೆದವರು ತೀರಿಕೊಂಡ ಮೇಲೂ 70 ವರ್ಷ ಇರುತ್ತದೆ. ಅಜ್ಜಿ ಮತ್ತು ಮಕ್ಕಳು ಒಪ್ಪಿ ಒಂದು ಸಹಿ ಹಾಕಿಕೊಟ್ಟರೆ ಆಯಿತು. ಟಿವಿಯಿಂದ ರೆಕಾರ್ಡ್ ಮಾಡಿಕೊಂಡ ಕ್ಯಾಸೆಟ್ ಇದ್ದರೆ ಅದು ಬೇರೆ, ಪ್ರಸಾರ ಮಾಡಿದವರ ಹಕ್ಕು, ಸುಮ್ನೆ ಹಾಕುವಂತಿಲ್ಲ. ಆದರೆ ಅವನ್ನು ಎಸೆಯಲೂ ಬೇಡಿ! ಬಿಬಿಸಿ ಅಳಿಸಿಹಾಕಿದ್ದ ಕೆಲವು ಕಾರ್ಯಕ್ರಮಗಳು ವಾಪಸು ಬಂದದ್ದು ಹೀಗೆ ಮನೆಯಲ್ಲಿ ರೆಕಾರ್ಡ್ ಮಾಡಿಟ್ಟವರಿಂದಲೇ.

---

ಟೇಪ್_ಹೆಡ್ ಬರೆದದ್ದು:

ಎಲ್ಲರೂ ಫಿಲ್ಮಿನ ಬಗ್ಗೆ ಬರೆದಿದ್ದೀರಿ. ನನಗೆ ಹೆದರಿಕೆ ಇರುವುದು ವಿಎಚ್‌ಎಸ್ ಬಗ್ಗೆ. ಫಿಲ್ಮನ್ನು ಬೆಳಕಿಗೆ ಹಿಡಿದರೆ ಕಣ್ಣಿಗೇ ಚಿತ್ರ ಕಾಣುತ್ತದೆ. ಟೇಪಿಗೆ ಯಂತ್ರ ಬೇಕೇ ಬೇಕು, ಆ ಯಂತ್ರವನ್ನು ಕೊನೆಗೆ ತಯಾರಿಸುತ್ತಿದ್ದ ಜಪಾನಿನ ಕಂಪನಿ 2016ರಲ್ಲೇ ನಿಲ್ಲಿಸಿತು. ಈಗ ಇರುವುದೆಲ್ಲ ಹಳೆಯದು, ಹೆಡ್ (ಟೇಪನ್ನು ಓದುವ ಭಾಗ) ಸವೆದದ್ದು, ರಬ್ಬರ್ ಸಡಿಲವಾದದ್ದು. ರಿಪೇರಿ ಗೊತ್ತಿರುವವರಿಗೂ ವಯಸ್ಸಾಗುತ್ತಿದೆ.

ಮೊದಲ ಕೆಲಸ, ಪ್ರತಿ ಕ್ಯಾಸೆಟ್ಟಿನ ಬೆನ್ನಿನಲ್ಲಿರುವ ಪುಟ್ಟ ಪ್ಲಾಸ್ಟಿಕ್ ತುಂಡನ್ನು ಮುರಿದುಹಾಕಿ. ಆಮೇಲೆ ಯಾರೇ ತಪ್ಪಿ ಬಟನ್ ಒತ್ತಿದರೂ ಅದರ ಮೇಲೆ ರೆಕಾರ್ಡ್ ಆಗುವುದಿಲ್ಲ. ಎರಡನೆಯದು, ಕ್ಯಾಸೆಟ್ಟಿನ ಕಿಟಕಿಯಿಂದ ಒಳಗೆ ಟಾರ್ಚ್ ಬಿಟ್ಟು ನೋಡಿ. ಸುರುಳಿಯ ಮೇಲೆ ಬಿಳಿ ಪುಡಿ, ಜೇಡರ ಬಲೆ ತರದ್ದು ಕಂಡರೆ ಅದು ಬೂಷ್ಟು. ಅಂಥದ್ದನ್ನು ಪ್ಲೇಯರಿಗೆ ಹಾಕಲೇಬೇಡಿ. ಆ ಟೇಪೂ ಹೋಗುತ್ತದೆ, ಹೆಡ್ಡಿಗೆ ಅಂಟಿ ಮುಂದಿನ ಹತ್ತು ಟೇಪಿಗೂ ಹರಡುತ್ತದೆ. ಅಲ್ಲಿನ ಮಳೆಗೆ, ಮೆಟ್ಟಿಲ ಕೆಳಗಿನ ಗೂಡಿಗೆ, ಒಂದೆರಡಾದರೂ ಹೀಗಿರುತ್ತವೆ.

ಅಂಗಡಿಗೆ ಕೊಡುವ ಮುಂಚೆ ನನ್ನ ಕಥೆ ಕೇಳಿ. ನಮ್ಮ ತಂದೆ ಹಾಡಿದ ಒಂದು ಕಚೇರಿಯ ಕ್ಯಾಸೆಟ್ಟನ್ನು ಒಂದು ಅಂಗಡಿಗೆ ಕೊಟ್ಟಿದ್ದೆ. ಅವರು ಅಗಲದ ಟಿವಿಗೆ ಹೊಂದಲಿ ಅಂತ ಮೇಲೆ ಕೆಳಗೆ ಕತ್ತರಿಸಿ, ಡಿವಿಡಿಗೆ ಹಿಂಡಿ ಕೊಟ್ಟರು. ಮೂಲ ಕ್ಯಾಸೆಟ್ ಕೇಳಿದರೆ "ಕಸಕ್ಕೆ ಹಾಕಿದೆವು, ನಿಮಗೆ ಬೇಕಿತ್ತಾ?" ಅಂದರು. ತಂದೆಯ ಕೈಯಲ್ಲಿದ್ದ ತಾಳ ಆ ಡಿವಿಡಿಯಲ್ಲಿ ಕಾಣುವುದೇ ಇಲ್ಲ. ಅವರು ಹೋಗಿ ಆರು ವರ್ಷ ಆಯಿತು, ಮತ್ತೆ ತೆಗೆಯುವ ಹಾಗಿಲ್ಲ. ಆದ್ದರಿಂದ ಮೂಲ ವಾಪಸು ಬರಬೇಕು ಅಂತ ಬರೆಸಿಕೊಂಡೇ ಕೊಡಿ.

ಹರ್ಲಿಂಗ್‌ಗೆ ಅಂತಲೇ ಒಂದು ಮಾತು ಹೇಳಬೇಕು. ಅಲ್ಲಿನ ವಿಎಚ್‌ಎಸ್ ಸೆಕೆಂಡಿಗೆ 25 ಚೌಕಟ್ಟು ಅಂತಾರೆ, ಆದರೆ ಒಂದೊಂದು ಚೌಕಟ್ಟಿನಲ್ಲೂ ಎರಡು ಅರ್ಧ ಚಿತ್ರ ಹೆಣೆದುಕೊಂಡಿರುತ್ತದೆ, ಬೆಸ ಗೆರೆಗಳದ್ದೊಂದು, ಸಮ ಗೆರೆಗಳದ್ದೊಂದು. ಎರಡೂ ಬೇರೆ ಬೇರೆ ಕ್ಷಣದ್ದು. ಅಂದರೆ ನಿಜವಾಗಿ ಸೆಕೆಂಡಿಗೆ 50 ಕ್ಷಣ ಹಿಡಿದಿದೆ. ಸಾಮಾನ್ಯ ಅಂಗಡಿಯವರು ಅರ್ಧ ಬಿಸಾಡಿ 25 ಮಾಡಿಕೊಡುತ್ತಾರೆ. ಮದುವೆ ವಿಡಿಯೋಗೆ ಅದು ಗೊತ್ತಾಗುವುದಿಲ್ಲ. ಈ ಚೆಂಡು ಹಾರುವ ವೇಗಕ್ಕೆ ಗೊತ್ತಾಗುತ್ತದೆ. ಕೋಲಿನ ಹತ್ತಿರ ಇದ್ದ ಚೆಂಡು ಮುಂದಿನ ಚೌಕಟ್ಟಿನಲ್ಲಿ ಇರುವುದೇ ಇಲ್ಲ! ಮೂಲವನ್ನು ಹಾಗೇ ಹೆಣೆದ ರೂಪದಲ್ಲೇ ಉಳಿಸಿ, ನೋಡುವ ಪ್ರತಿಯನ್ನು 50ಕ್ಕೆ ಬಿಡಿಸಿ.

ಉಳಿಸುವ ಫೈಲು ಎಫ್‌ಎಫ್‌ವಿ1 ಅನ್ನುವ ವಿಡಿಯೋ ಕುಗ್ಗಿಸುವ ವಿಧಾನದಲ್ಲಿ, ಎಂಕೆವಿ ಅನ್ನುವ ಫೈಲ್ ಡಬ್ಬಿಯಲ್ಲಿರಲಿ. ಏನೂ ಕಳೆಯದೆ ಕುಗ್ಗಿಸುತ್ತದೆ, ಗಂಟೆಗೆ ಸುಮಾರು 25ರಿಂದ 30 ಜಿಬಿ ಆಗುತ್ತದೆ. 40 ಕ್ಯಾಸೆಟ್ ಎರಡೆರಡು ಗಂಟೆ ಅಂದರೂ ಒಂದು 4 ಟಿಬಿ ಡಿಸ್ಕಿನಲ್ಲಿ ಹಿಡಿಯುತ್ತದೆ. ಮೂರು ಪ್ರತಿ ಮಾಡಿ, ಒಂದು ಬೇರೆ ಊರಿನಲ್ಲಿರಲಿ. ಪ್ರತಿ ಫೈಲಿಗೂ ಚೆಕ್‌ಸಮ್ (ಫೈಲು ಬದಲಾದರೆ ತಾನೂ ಬದಲಾಗುವ ಗುರುತಿನ ಸಂಖ್ಯೆ) ತೆಗೆದು ಬರೆದಿಡಿ, ವರ್ಷಕ್ಕೊಮ್ಮೆ ತಾಳೆ ನೋಡಿ. ಮತ್ತೆ ಕೈಮುಗಿದು ಕೇಳುತ್ತೇನೆ, ಎಐ ಹಾಕಿ ಮುಖ ಚೂಪು ಮಾಡಿಸಬೇಡಿ. ಅದು ಇಲ್ಲದ ಮುಖವನ್ನು ತಾನೇ ಬರೆಯುತ್ತದೆ. ಮಸುಕಾಗಿದ್ದರೂ ಅಜ್ಜಿಗೆ ಗುರುತು ಸಿಗುವುದು ಆ ನಿಜವಾದ ಮುಖವೇ.

---

ಲೀ_ತೀರದ_ಅಕ್ಕ ಬರೆದದ್ದು:

ನಾನು ಕಾರ್ಕ್‌ನಲ್ಲಿರುವುದು, ಇಬ್ಬರು ಹೆಣ್ಣುಮಕ್ಕಳು, ಇಬ್ಬರೂ ಕಮೋಗಿ. ತಮ್ಮಾ, ನಿನ್ನ ಪೆಟ್ಟಿಗೆಯಲ್ಲಿ ಹುಡುಗಿಯರ ಆಟ ಎಲ್ಲಾದರೂ ಸಿಕ್ಕರೆ ಅದಕ್ಕೆ ಬೇರೆ ಗುರುತು ಹಾಕಿಡು. ಕಮೋಗಿ ಸಂಘ 1904ರಷ್ಟು ಹಳೆಯದು, ಆದರೆ ಅದರ ಹಳೆಯ ಚಿತ್ರ ಹುಡುಕಿದರೆ ಗಂಡಸರ ಆಟದ ಮುಂದೆ ಏನೇನೂ ಇಲ್ಲ. 1999ರವರೆಗೆ ಕಮೋಗಿಗೆ ಒಂದು ಕಡೆ 12 ಜನ, ಮೈದಾನವೂ ಸಣ್ಣದು. ಆಮೇಲೆ 15 ಆಯಿತು. ಆ 12 ಜನರ ಆಟ ಇಂದಿನ ಹುಡುಗಿಯರು ಕಂಡೇ ಇಲ್ಲ. ಲಂಗ ಹಾಕಿಕೊಂಡು ಕೆಸರಲ್ಲಿ ಬಿದ್ದೆದ್ದು ಆಡುತ್ತಿದ್ದ ಅವರ ಅಜ್ಜಿಯರು ಹೇಗಿದ್ದರು ಅಂತ ನನ್ನ ಮಕ್ಕಳು ಕೇಳುತ್ತಾರೆ. ತೋರಿಸಲು ಏನಿದೆ ನನ್ನ ಹತ್ತಿರ?

ಹರ್ಲಿಂಗ್ ಒಂದೇ ಅಲ್ಲ. ಇಲ್ಲಿ ಕಾರ್ಕ್‌ನಲ್ಲಿ, ಮತ್ತೆ ಉತ್ತರದ ಅರ್ಮಾದಲ್ಲಿ, ರಸ್ತೆಯ ಮೇಲೇ ಕಬ್ಬಿಣದ ಗುಂಡು ಎಸೆಯುವ ಆಟ ಇದೆ. 28 ಔನ್ಸ್, ಅಂದರೆ 800 ಗ್ರಾಂ ಹತ್ತಿರದ ಗುಂಡು. ಒಂದೆರಡು ಮೈಲಿ ರಸ್ತೆಯನ್ನು ಯಾರು ಕಡಿಮೆ ಎಸೆತದಲ್ಲಿ ಮುಗಿಸುತ್ತಾರೋ ಅವರು ಗೆದ್ದರು. ಜನ ಗುಂಡಿನ ಹಿಂದೆಯೇ ನಡೆಯುತ್ತಾರೆ, ತಿರುವಿನಲ್ಲಿ ಹೇಗೆ ಎಸೆಯಬೇಕು ಅಂತ ಒಬ್ಬ ಕಾಲು ಅಗಲಿಸಿ ನಿಂತು ಜಾಗ ತೋರಿಸುತ್ತಾನೆ. ಕ್ರೀಡಾಂಗಣವೇ ಇಲ್ಲದ ಆಟ, ಹಾಗಾಗಿ ಕ್ಯಾಮೆರಾ ಬಂದದ್ದೂ ಕಮ್ಮಿ. ಚೆಂಡನ್ನು ಅಂಗೈಯಿಂದ ಗೋಡೆಗೆ ಹೊಡೆದು ಆಡುವ ಇಲ್ಲಿನ ಹ್ಯಾಂಡ್‌ಬಾಲ್ ಗೋಡೆಗಳೂ ಅಷ್ಟೇ. ಹಳ್ಳಿಯ ಪಕ್ಕದಲ್ಲಿ ಸೂರಿಲ್ಲದ ದೊಡ್ಡ ಕಾಂಕ್ರೀಟ್ ಗೋಡೆಗಳು ಪಾಚಿ ಹಿಡಿದು ನಿಂತಿರುತ್ತವೆ, ಅಲ್ಲಿ ಆಡಿದವರನ್ನು ಕೇಳಿದರೆ ಕಣ್ಣು ತುಂಬಿಕೊಳ್ಳುತ್ತಾರೆ. ನಿನ್ನ ಅಜ್ಜ ಭಾನುವಾರ ಕ್ಯಾಮೆರಾ ಹಿಡಿದು ಹೊರಟವರು, ದಾರಿಯಲ್ಲಿ ಇಂಥದ್ದನ್ನೂ ಹಿಡಿದಿರಬಹುದು. ಪಂದ್ಯ ಅಲ್ಲ ಅಂತ ಯಾವ ತುಂಡನ್ನೂ ಕತ್ತರಿಸಬೇಡ. ಮೆರವಣಿಗೆ, ಅಂಗಡಿ ಬೋರ್ಡು, ಗೇಟಿನಲ್ಲಿ ಚೀಟಿ ಹರಿಯುವವನು, ಎಲ್ಲಾ ಇರಲಿ.

ಇನ್ನೊಂದು ಮಾತು, ನನಗೆ ಇದೇ ಎಲ್ಲಕ್ಕಿಂತ ಅವಸರದ್ದು ಅನ್ನಿಸುತ್ತದೆ. ಫಿಲ್ಮ್ ತಣ್ಣಗಿಟ್ಟರೆ ಇನ್ನೂ ಹತ್ತಾರು ವರ್ಷ ಕಾಯುತ್ತದೆ. ಅಜ್ಜಿ ಕಾಯುತ್ತಾರಾ? ಆ ಮುಖಗಳ ಹೆಸರು ಇರುವುದು ಅವರ ತಲೆಯಲ್ಲಿ. ಸ್ಕ್ಯಾನ್ ಬರುವವರೆಗೆ ಕಾಯಬೇಡ. ಡಬ್ಬಿಯ ಚೀಟಿ ಓದಿಸು, ಹಳೇ ಫೋಟೋ ಮುಂದಿಟ್ಟು ಮಾತಾಡಿಸು, ಫೋನಿನಲ್ಲಿ ರೆಕಾರ್ಡ್ ಮಾಡು.

---

ಲಿಫಿ_ಕನ್ನಡಿಗ ಬರೆದದ್ದು:

ಅಕ್ಕ ಹೇಳಿದ್ದು ನೂರಕ್ಕೆ ನೂರು ಸರಿ. ಇಸವಿ ಗುರುತಿಸಲು ಒಂದೆರಡು ಸುಳಿವು ಕೊಡುತ್ತೇನೆ. ತಲೆ ನೋಡಿ. ಹೆಲ್ಮೆಟ್ ಎಲ್ಲರಿಗೂ ಕಡ್ಡಾಯವಾದದ್ದು 2010ರ ಜನವರಿಯಿಂದ. ಯಾರ ತಲೆಯಲ್ಲೂ ಇಲ್ಲದಿದ್ದರೆ ಬಹಳ ಹಳೆಯದು, ಅರ್ಧ ಜನ ಹಾಕಿದ್ದರೆ ನಡುವಿನ ಕಾಲ. ಕೋಲು ನೋಡಿ. ಹಳೆಯ ಕೋಲಿನ ತುದಿ ಸಪೂರ, ಈಗಿನದು ಅಗಲ. ಆಟವನ್ನೂ ನೋಡಿ. ಹಿಂದೆ ಚೆಂಡನ್ನು ಎತ್ತದೆ ನೆಲದ ಮೇಲೇ ಬೀಸಿ ಹೊಡೆಯುತ್ತಿದ್ದರು, ಗಾಳಿಯಲ್ಲಿ ಬರುತ್ತಿರುವಾಗಲೇ ಹಿಡಿಯದೆ ಬಾರಿಸುತ್ತಿದ್ದರು. ಈಗ ಎಲ್ಲರೂ ಕೈಗೆ ತೆಗೆದುಕೊಂಡೇ ಆಡುತ್ತಾರೆ. ಆ ನೆಲದ ಹೊಡೆತ ಹೇಗಿತ್ತು, ಕಾಲು ಎಲ್ಲಿರುತ್ತಿತ್ತು ಅಂತ ಹೇಳಿಕೊಡಬೇಕೆಂದರೆ ನಿಮ್ಮಂಥ ರೀಲುಗಳೇ ಪಾಠ.

ಕೋಲಿನ ಮರಕ್ಕೂ ಕಷ್ಟ ಬಂದಿದೆ, ನಿಮಗೆ ಗೊತ್ತೇ ಇರುತ್ತದೆ. 2012ರಲ್ಲಿ ಇಲ್ಲಿ ಕಾಣಿಸಿಕೊಂಡ ಶಿಲೀಂಧ್ರ ರೋಗ ಆ್ಯಶ್ ಮರಗಳನ್ನು ಒಣಗಿಸುತ್ತಿದೆ. ಬಿದಿರು, ಪ್ಲಾಸ್ಟಿಕ್ ಕೋಲು ಬಂದಾಗಿದೆ. ಅಜ್ಜ ಎಲ್ಲಾದರೂ ಕೋಲು ಕೆತ್ತುವವನ ಮನೆಗೆ ಹೋಗಿ ಚಿತ್ರ ತೆಗೆದಿದ್ದರೆ, ಬೇರಿನ ಹತ್ತಿರದ ಬಾಗಿದ ಮರವನ್ನು ಸೀಳುವುದು ಕಂಡರೆ, ದಯವಿಟ್ಟು ಮೊದಲು ನನಗೆ ಹೇಳಿ.

---

ನೋರ್_ದಂಡೆ ಮತ್ತೆ ಬರೆದದ್ದು:

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಹತ್ತು ದಿನ ಆಯಿತು, ಏನಾಯಿತು ಅಂತ ಹೇಳಲೇಬೇಕು.

ವಾಸನೆ ಬರುವುದು ಒಟ್ಟು 4. ಎರಡೂ 16 ಮಿ.ಮೀ. ಮತ್ತು 2 ಸಣ್ಣವು. ಬೇರೆ ಕೋಣೆಯಲ್ಲಿಟ್ಟಿದ್ದೇನೆ. ಕ್ಯಾಸೆಟ್‌ಗಳಲ್ಲಿ 5ಕ್ಕೆ ಬೂಷ್ಟು ಹಿಡಿದಿದೆ, ಟೇಪ್_ಹೆಡ್ ಹೇಳದಿದ್ದರೆ ಅವನ್ನೇ ಮೊದಲು ಹಾಕುತ್ತಿದ್ದೆ. ಪ್ಲಾಸ್ಟಿಕ್ ತುಂಡುಗಳನ್ನು ಮಗಳು ಕೂತು ಮುರಿದಳು. ಆರ್ಕೈವಿಗೂ ಮ್ಯೂಸಿಯಂಗೂ ಫೋಟೋ ಸಮೇತ ಮೇಲ್ ಬರೆದಿದ್ದೇನೆ. ಅಜ್ಜಿಯ ಮಕ್ಕಳು ಇಬ್ಬರೂ ಸಹಿಗೆ ಒಪ್ಪಿದ್ದಾರೆ, ಒಬ್ಬರು ಬಾಸ್ಟನ್‌ನಲ್ಲಿದ್ದಾರೆ. ಪ್ರೊಜೆಕ್ಟರ್ ಕೊಡುತ್ತೇನೆ ಅಂದವರಿಗೆ ಕುಗ್ಗಿದ ಫಿಲ್ಮಿನ ತೂತಿನ ವಿಷಯ ಹೇಳಿದೆ, ಅವರು ಆಗಲೇ ಸ್ಕ್ಯಾನಿಗೆ 100 ಯೂರೋ ತೆಗೆದು ಮೇಜಿನ ಮೇಲಿಟ್ಟರು.

ಅಕ್ಕ ಹೇಳಿದ ಹಾಗೆ ಅಜ್ಜಿಯ ಜೊತೆ ಮೂರು ಸಂಜೆ ಕೂತೆ. ಫೋಟೋ ಆಲ್ಬಂ ಮುಂದಿಟ್ಟೆವು. ಮೊದಲ ದಿನ "ನನಗೇನೂ ನೆನಪಿಲ್ಲ" ಅಂದರು. ಎರಡನೇ ದಿನ ಚಹಾ ಆದ ಮೇಲೆ ಒಂದು ತಂಡದ ಫೋಟೋದಲ್ಲಿ 15ರಲ್ಲಿ 13 ಜನರ ಹೆಸರು ಹೇಳಿದರು, ಯಾರ ಮಗ, ಯಾವ ಮನೆ, ಯಾರು ಇಂಗ್ಲೆಂಡಿಗೆ ಕೆಲಸಕ್ಕೆ ಹೋದವನು ವಾಪಸು ಬರಲಿಲ್ಲ, ಎಲ್ಲಾ. ಉಳಿದ ಇಬ್ಬರಲ್ಲಿ ಒಬ್ಬನ ಮೇಲೆ ಬೆರಳಿಟ್ಟು ಬಹಳ ಹೊತ್ತು ಸುಮ್ಮನಿದ್ದರು. "ಇವನ ಎಡಗೈ ಆಟ ನೆನಪಿದೆ, ಹೆಸರು ಬರುತ್ತಿಲ್ಲ" ಅಂದರು.

ಒಂದು ಪ್ರಶ್ನೆ ಉಳಿದಿದೆ. ಕ್ಲಬ್ಬಿನಲ್ಲಿ 80 ದಾಟಿದ ಇನ್ನೂ ನಾಲ್ಕು ಜನ ಇದ್ದಾರೆ. ಸ್ಕ್ಯಾನ್ ಬಂದ ಮೇಲೆ ಎಲ್ಲರನ್ನೂ ಒಟ್ಟಿಗೆ ಕೂರಿಸಿ ತೋರಿಸಬೇಕು ಅಂತ ಇದೆ. ಅವರು ಹೇಳುವ ಹೆಸರು ಯಾವ ಚೌಕಟ್ಟಿನ ಯಾವ ಮುಖಕ್ಕೆ ಅಂತ ಹೇಗೆ ಬರೆದಿಡಲಿ?

---

ಹಳೇರೀಲು ಬರೆದದ್ದು:

ಸುಲಭ ಇದೆ. ನೋಡುವ ಪ್ರತಿಯ ಮೂಲೆಯಲ್ಲಿ ಸಮಯದ ಅಂಕೆ ಕಾಣುವಂತೆ ಮಾಡಿ, ಮೂಲಕ್ಕೆ ಮಾತ್ರ ಏನೂ ಹಾಕಬೇಡಿ. ಪರದೆಯನ್ನೂ ಹಿರಿಯರನ್ನೂ ಒಟ್ಟಿಗೆ ಹಿಡಿಯುವ ಹಾಗೆ ಒಂದು ಕ್ಯಾಮೆರಾ ಹಿಂದೆ ಇಡಿ, ಮೇಜಿನ ಮೇಲೆ ಒಂದು ಮೈಕ್. ಅವರು "ಅಗೋ ಅವನು" ಅಂದಾಗ ನೀವು ನಿಲ್ಲಿಸಿ, ಅಂಕೆಯನ್ನು ಗಟ್ಟಿಯಾಗಿ ಓದಿ, "ಎಡದಿಂದ ಮೂರನೆಯವರಾ?" ಅಂತ ಕೇಳಿ. ಹೆಸರಿನ ಬಗ್ಗೆ ಅವರವರಲ್ಲೇ ಜಗಳ ಬಂದರೆ ಎರಡೂ ಹೆಸರು ಬರೆದುಕೊಳ್ಳಿ, ಯಾರು ಯಾವುದು ಹೇಳಿದರು ಅಂತಲೂ.

ಶಬ್ದ ಇಲ್ಲದ ರೀಲು ಅಲ್ವಾ, ನಾಲ್ಕೈದು ನಿಮಿಷದ್ದು ಮುಗಿಸಲು ಒಂದು ಗಂಟೆ ಹಿಡಿದರೂ ಹಿಡಿಯಲಿ. ಒಂದು ಸಂಜೆಗೆ ಎರಡು ರೀಲಿಗಿಂತ ಜಾಸ್ತಿ ಹಾಕಬೇಡಿ, ಅವರಿಗೆ ದಣಿವಾಗುತ್ತದೆ. ಎಡಗೈ ಆಟಗಾರ ಇರುವ ರೀಲು ಯಾವುದು ಅಂತ ಗೊತ್ತಾದರೆ ಅದನ್ನು ಮೊದಲು ಹಾಕಿ.